ಪುಸ್ತಕಕ್ಕೆ ಬೂಷ್ಟು, ಓದುಗನಿಗೆ ಸೀನು

ಅರೇಬಿಯನ್ ನೈಟ್ಸ್ ಕತೆಗಳಲ್ಲಿ ದೂಬಾನ್ ಎಂಬ ವೈದ್ಯನ ಪ್ರಸಂಗವೊಂದಿದೆ. ತನ್ನ ರೋಗ ವಾಸಿಮಾಡಿದ ವೈದ್ಯನನ್ನೇ ರಾಜ ಕೊಲ್ಲಿಸಲು ಹೊರಡುತ್ತಾನೆ. ವೈದ್ಯ ಸಾಯುವ ಮೊದಲು ಅವನಿಗೊಂದು ಪುಸ್ತಕ ಕೊಟ್ಟು ಹೋಗುತ್ತಾನೆ. ಅದರ ಹಾಳೆಗಳು ಒಂದಕ್ಕೊಂದು ಅಂಟಿಕೊಂಡಿವೆ. ರಾಜ ಬೆರಳನ್ನು ನಾಲಿಗೆಗೆ ಮುಟ್ಟಿಸಿ ಮುಟ್ಟಿಸಿ ಹಾಳೆ ಬಿಡಿಸುತ್ತಾನೆ. ಅಕ್ಷರ ಒಂದೂ ಕಾಣುವುದಿಲ್ಲ, ಹಾಳೆಗೆ ಸವರಿದ್ದ ವಿಷ ಮಾತ್ರ ಒಳಗಿಳಿಯುತ್ತದೆ. ಉಂಬರ್ಟೊ ಎಕೊ 1980ರಲ್ಲಿ ಪ್ರಕಟಿಸಿದ 'ದಿ ನೇಮ್ ಆಫ್ ದಿ ರೋಸ್' ಕಾದಂಬರಿಯಲ್ಲೂ ವಿಷ ಹತ್ತಿದ ಪುಸ್ತಕವೊಂದು ಓದಿದವರನ್ನು ಕೊಲ್ಲುತ್ತದೆ. ಓದುವವರನ್ನೇ ಆರಿಸಿ ಹಿಡಿಯುವ ಕಾಯಿಲೆ ಕತೆಗಾರರ ಕಲ್ಪನೆಯನ್ನು ಬಹಳ ಹಿಂದಿನಿಂದಲೂ ಕಾಡಿದೆ. ಸಕಲೇಶಪುರ, ಆಲೂರು ಸೀಮೆಯಲ್ಲಿ ಅದಕ್ಕೆ ವಿಷವೂ ಬೇಡ, ಮಾಟವೂ ಬೇಡ. ಆರಿದ್ರಾ ಮಳೆ ಹಿಡಿದರೆ ಸಾಕು.

ಮುಂಗಾರು ಘಟ್ಟ ಹತ್ತಿ ಜಡಿ ಹಿಡಿದ ಹದಿನೈದು ದಿನಕ್ಕೆ ಮಾರನಹಳ್ಳಿ, ಕಾಡುಮನೆ, ಹೆತ್ತೂರು, ಬಿಸಿಲೆ ಕಡೆಯ ಮನೆಗಳಲ್ಲಿ ಚರ್ಮದ ಬೆಲ್ಟು, ಕುರ್ಚಿಯ ಕಾಲು, ಗೋಡೆಗೆ ನೇತುಹಾಕಿದ ಫೋಟೊ ಯಾವುದನ್ನೂ ಬಿಡದೆ ಬಿಳಿ ಪುಡಿಯೋ ಹಸಿರು ಪುಡಿಯೋ ಕೂತಿರುತ್ತದೆ. ಪುಸ್ತಕದ ಬೀರು ತೆಗೆದರೆ ಮುಗ್ಗಲು ವಾಸನೆ. ಹೊರಗೆ ಮಳೆ, ಕೈಯಲ್ಲಿ ಕಾಫಿ, ಓದಲು ಇದಕ್ಕಿಂತ ಒಳ್ಳೆಯ ಕಾಲ ಯಾವುದು ಎಂದುಕೊಂಡು ಹಳೆಯ ಕಾದಂಬರಿ ಹಿಡಿದು ಕೂತವರಿಗೆ ಐದು ನಿಮಿಷದಲ್ಲಿ ಮೂಗು ತುರಿಸುತ್ತದೆ, ಸಾಲುಸಾಲು ಸೀನು ಬರುತ್ತದೆ, ಕಣ್ಣಲ್ಲಿ ನೀರು ತುಂಬುತ್ತದೆ. ಥಂಡಿ ಹಿಡಿದಿದೆ ಎಂದು ಮನೆಯವರು ಮೆಣಸಿನ ಕಷಾಯ ಕುದಿಸುತ್ತಾರೆ. ಕಷಾಯ ಒಳ್ಳೆಯದೇ. ಆದರೆ ಸೀನಿನ ಮೂಲ ಕೈಯಲ್ಲಿರುವ ಪುಸ್ತಕ.

ಬೂಷ್ಟಿನ ಬೀಜಕಣಗಳು ವರ್ಷವಿಡೀ ಎಲ್ಲ ಮನೆಗಳ ಗಾಳಿಯಲ್ಲೂ ಇರುತ್ತವೆ. ಆಸ್ಪರ್‌ಜಿಲ್ಲಸ್, ಪೆನಿಸಿಲಿಯಂ, ಕ್ಲಾಡೊಸ್ಪೋರಿಯಂ ಎಂಬ ಈ ಶಿಲೀಂಧ್ರಗಳ ಕಣಗಳು ಮಿಲಿಮೀಟರಿನ ಸಾವಿರದ ಒಂದು ಭಾಗವನ್ನು ಅಳತೆಯಾಗಿ ಹಿಡಿದರೂ ಕೆಲವೇ ಪಟ್ಟು ದೊಡ್ಡವು. ಗುಡಿಸಿ, ಒರೆಸಿ, ಬಾಗಿಲು ಮುಚ್ಚಿ ಇವನ್ನು ಹೊರಗಿಡಲು ಆಗುವುದಿಲ್ಲ. ಮಾರ್ಚ್ ತಿಂಗಳಲ್ಲಿ ನಿಮ್ಮ ಬೀರುವಿನಲ್ಲಿ ಒಂದು ಚುಕ್ಕೆಯೂ ಕಾಣದಿದ್ದಾಗಲೂ ಪ್ರತಿ ಹಾಳೆಯ ಮೇಲೆ ಅವು ಕೂತಿರುತ್ತವೆ, ಸುಮ್ಮನೆ. ಸುತ್ತಲಿನ ಗಾಳಿಯ ಸಾಪೇಕ್ಷ ಆರ್ದ್ರತೆ, ಅಂದರೆ ಆ ಉಷ್ಣತೆಯಲ್ಲಿ ಗಾಳಿ ಹಿಡಿದಿಡಬಲ್ಲ ನೀರಾವಿಯ ಎಷ್ಟು ಪಾಲು ಅದರಲ್ಲಿದೆ ಎಂಬ ಲೆಕ್ಕ, ಶೇ 65 ದಾಟಿ ಕೆಲವು ದಿನ ಹಾಗೇ ನಿಂತರೆ ಒಣ ಪ್ರಕೃತಿಯ ಕೆಲವು ಜಾತಿಗಳು ಮೊಳೆಯುತ್ತವೆ. ಶೇ 80 ದಾಟಿದರೆ ಹೆಚ್ಚಿನವು ಮೊಳೆಯುತ್ತವೆ. ನೇರವಾಗಿ ನೀರು ತಾಗಿದ ಪುಸ್ತಕಕ್ಕೆ ಎರಡು ಮೂರು ದಿನ ಸಾಕು. ಇಪ್ಪತ್ತರಿಂದ ಮೂವತ್ತು ಡಿಗ್ರಿ ಅವಕ್ಕೆ ಹಿತವಾದ ಉಷ್ಣತೆ. ಜುಲೈ ತಿಂಗಳ ಮಲೆನಾಡಿನ ಮನೆಯೊಳಗೆ ಇವೆರಡೂ ಹಗಲುರಾತ್ರಿ ಒದಗಿಬರುತ್ತವೆ.

ಈ ಲೇಖನದಲ್ಲಿ ನಾನು ಒತ್ತಿ ಹೇಳಬೇಕೆಂದಿರುವುದು ಇಷ್ಟನ್ನೇ: ಬೂಷ್ಟನ್ನು ಕೊಲ್ಲುವ ಔಷಧಿ ಹುಡುಕುತ್ತ ಕಾಲ ಕಳೆಯಬೇಡಿ, ಕಾಗದದೊಳಗಿನ ತೇವವನ್ನು ಹತೋಟಿಗೆ ತನ್ನಿ. ಕಾಫಿ ಬೆಳೆಯುವವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಕಣದಲ್ಲಿ ಹರವಿದ ಪಾರ್ಚ್‌ಮೆಂಟ್ ಕಾಫಿಯ ತೇವ ಶೇ 10ರ ಆಸುಪಾಸಿಗೆ ಇಳಿಯುವ ತನಕ ಯಾರೂ ಮೂಟೆ ಕಟ್ಟುವುದಿಲ್ಲ, ಕಟ್ಟಿದರೆ ಗೋದಾಮಿನಲ್ಲಿ ಏನಾಗುತ್ತದೆಂದು ಗೊತ್ತು. ಕಾಗದವೂ ಹಾಗೆಯೇ ಗಾಳಿಯಿಂದ ನೀರು ಹೀರಿ, ಗಾಳಿಗೆ ನೀರು ಬಿಡುವ ವಸ್ತು. ಗಾಳಿಯ ಆರ್ದ್ರತೆ ಶೇ 50 ಇದ್ದಾಗ ಕಾಗದದ ತೂಕದ ನೂರರಲ್ಲಿ ಆರೇಳು ಪಾಲು ನೀರಿರುತ್ತದೆ. ಶೇ 90ಕ್ಕೆ ಏರಿದರೆ ಅದು ಸುಮಾರು ಇಮ್ಮಡಿಯಾಗುತ್ತದೆ. ಕಾಫಿಯ ತೇವ ನೋಡಲು ಮೀಟರು ಇಟ್ಟುಕೊಂಡ ಮನೆಗಳಲ್ಲೇ ತಾತ ಕೂಡಿಟ್ಟ ಪುಸ್ತಕಗಳು ಪಡುವಣದ ಗೋಡೆಗೆ ಒರಗಿಕೊಂಡು ನೆನೆಯುತ್ತಿರುವುದನ್ನು ಕಂಡರೆ ಸಂಕಟವಾಗುತ್ತದೆ.

ಬೂಷ್ಟಿಗೆ ಪುಸ್ತಕದಲ್ಲಿ ಮೊದಲು ರುಚಿಸುವುದು ಕಾಗದವಲ್ಲ, ಬೈಂಡಿಂಗು. ರಟ್ಟಿಗೆ ಹಚ್ಚಿದ ಮೈದಾ ಅಂಟು, ಬಟ್ಟೆಯ ಹೊದಿಕೆಗೆ ಹಾಕಿದ ಗಂಜಿ, ಚರ್ಮ, ಪ್ರಾಣಿಜನ್ಯ ಸರೇಸು, ಓದುವಾಗ ಬೆರಳಿನಿಂದ ಹತ್ತಿದ ಜಿಡ್ಡು, ಹಾಳೆಯಂಚಿನ ಧೂಳು ಎಲ್ಲವೂ ಸುಲಭದ ಆಹಾರ. ಅದಕ್ಕೇ ಹಳೆಯ ಕ್ಯಾಲಿಕೊ ಹೊದಿಕೆಯ ಪುಸ್ತಕದ ಬೆನ್ನಿನಲ್ಲಿ, ರಟ್ಟು ಮಡಿಸುವ ಸಂದಿನಲ್ಲಿ ಮೊದಲ ಚುಕ್ಕೆ ಕಾಣುತ್ತದೆ. ಆಮೇಲೆ ಕೀಟೋಮಿಯಂ, ಟ್ರೈಕೊಡರ್ಮಾದಂಥವು ಬಂದು ಕಾಗದದ ನಾರನ್ನೇ ಕರಗಿಸತೊಡಗುತ್ತವೆ. ಹಾಳೆ ಹತ್ತಿಯಂತೆ ಮೆದುವಾಗಿ, ಮುಟ್ಟಿದಲ್ಲಿ ಹರಿಯುತ್ತದೆ. ಹುಣಸೆಬೀಜದ ಸರಿ ಮತ್ತು ಇದ್ದಿಲಿನ ಪುಡಿ ಬಳಿದ ಬಟ್ಟೆಯ ಕಡತಗಳು ಯಾರ ಮನೆಯಲ್ಲಾದರೂ ಉಳಿದಿದ್ದರೆ ಅವುಗಳ ಬಗ್ಗೆ ಇನ್ನೂ ಎಚ್ಚರ ಬೇಕು, ಆ ಸರಿಯೂ ಪಿಷ್ಟವೇ. ನಮ್ಮ ಬೈಂಡರುಗಳು ಅಂಟಿಗೆ ಚಿಟಿಕೆ ಮೈಲುತುತ್ತ ಬೆರೆಸುತ್ತಿದ್ದುದು ಇದೇ ಕಾರಣಕ್ಕೆ. ತೋಟಕ್ಕೆ ಹೊಡೆಯುವ ಬೋರ್ಡೋ ದ್ರಾವಣದಲ್ಲೂ ಸುಣ್ಣದ ಜೊತೆ ಇರುವುದು ಅದೇ ಮೈಲುತುತ್ತ. ಹಾಗೆಂದು ಪುಸ್ತಕಕ್ಕೆ ಯಾರೂ ಅದನ್ನು ಸಿಂಪಡಿಸಬಾರದು, ತಾಮ್ರ ಕಾಗದವನ್ನು ತಿನ್ನುತ್ತದೆ.

ಹುಳುಗಳ ವಿಷಯವನ್ನು ಬೇಗ ಮುಗಿಸುತ್ತೇನೆ. ಬೆಳ್ಳಿಮೀನಿನಂಥ ಹುಳು ಹಾಳೆಯ ಮೇಲ್ಮೈಯ ಗಂಜಿಯನ್ನು ಕೆರೆದು ತಿನ್ನುತ್ತದೆ. ಸಣ್ಣ ದುಂಬಿಗಳ ಮರಿಗಳು ಹಾಳೆಗಳನ್ನು ನೇರವಾಗಿ ಕೊರೆಯುತ್ತ ಹೋಗುತ್ತವೆ. ಹಾಳೆಯ ಮೇಲೆ ಧೂಳಿನ ಕಣದಂತೆ ಓಡಾಡುವ ಬೆಳ್ಳನೆಯ ಪುಸ್ತಕಹೇನು ತಿನ್ನುವುದು ಮುಖ್ಯವಾಗಿ ಬೂಷ್ಟನ್ನೇ. ಅದು ಕಂಡಿತೆಂದರೆ ನಿಮ್ಮ ಕಣ್ಣಿಗೆ ಬೀಳುವ ಮೊದಲೇ ಬೂಷ್ಟು ಬೆಳೆದಿದೆ ಎಂದು ತಿಳಿಯಬಹುದು. ಘಟ್ಟದಂಚಿನಿಂದ ಬಾಳ್ಳುಪೇಟೆ ದಾಟಿ ಆಲೂರು, ಪಾಳ್ಯದ ಕಡೆ ಬಂದಂತೆ ಮಳೆ ಇಳಿಯುತ್ತದೆ. ಅಲ್ಲಿ ಬೂಷ್ಟಿಗಿಂತ ಗೆದ್ದಲಿನ ಕಡೆ ಹೆಚ್ಚು ಗಮನವಿರಲಿ. ಕಪಾಟಿನ ಕಾಲು ಗೋಡೆಗೂ ನೆಲಕ್ಕೂ ನೇರವಾಗಿ ತಾಗದಂತೆ ನೋಡಿಕೊಳ್ಳಿ.

ಇನ್ನು ಓದುವವರ ಮೈಯಲ್ಲಿ ಏನಾಗುತ್ತದೆ ಎಂಬುದು. ಪುಟ ತಿರುವಿದಾಗಲೆಲ್ಲ ಬೀಜಕಣಗಳ ಸಣ್ಣ ಮೋಡವೊಂದು ಮುಖದ ಮುಂದೆ ಏಳುತ್ತದೆ. ಓದುವಾಗ ಪುಸ್ತಕ ಮೂಗಿನಿಂದ ಒಂದಡಿ ದೂರದಲ್ಲಿರುವುದರಿಂದ ಬೇರೆ ಯಾವ ಕೆಲಸದಲ್ಲೂ ಇಲ್ಲದಷ್ಟು ಹತ್ತಿರದಿಂದ ನಾವು ಅದನ್ನು ಎಳೆದುಕೊಳ್ಳುತ್ತೇವೆ. ಹೆಚ್ಚಿನವರಿಗೆ ಏನೂ ಆಗುವುದಿಲ್ಲ. ಅಲರ್ಜಿಯ ಪ್ರಕೃತಿಯವರ ದೇಹ ಮಾತ್ರ ಹಿಂದೊಮ್ಮೆ ಈ ಕಣವನ್ನು ಶತ್ರುವೆಂದು ಗುರುತಿಟ್ಟುಕೊಂಡಿರುತ್ತದೆ. ಮೂಗಿನ ಒಳಪದರದ ಮಾಸ್ಟ್ ಕೋಶಗಳ ಮೇಲೆ ಐಜಿಇ ಎಂಬ ಪ್ರತಿಕಾಯಗಳು ಕಾದಿರುತ್ತವೆ. ಕಣ ಅವಕ್ಕೆ ತಾಗಿದೊಡನೆ ಕೋಶಗಳು ಹಿಸ್ಟಮಿನ್ ಸುರಿಸುತ್ತವೆ. ತುರಿಕೆ, ಸೀನು, ನೀರು, ಕಟ್ಟಿದ ಮೂಗು ಎಲ್ಲ ಅದರ ಫಲ. ಇದನ್ನು ನೆಗಡಿಯಿಂದ ಬೇರೆ ಮಾಡಿ ಗುರುತಿಸುವುದು ಕಷ್ಟವಲ್ಲ. ಜ್ವರ ಇರುವುದಿಲ್ಲ, ಕಣ್ಣು ಮೂಗು ತುರಿಸುತ್ತವೆ, ಪುಸ್ತಕ ಹಿಡಿದ ಕೆಲವೇ ನಿಮಿಷಕ್ಕೆ ಶುರುವಾಗಿ ಆ ಕೋಣೆ ಬಿಟ್ಟು ಬಂದ ಮೇಲೆ ಇಳಿಯುತ್ತದೆ. ತೇವದ ಮನೆಯಲ್ಲಿ ಹೆಚ್ಚುವ ಧೂಳಿನ ನುಸಿಯೂ ಇದೇ ತೊಂದರೆ ಕೊಡುತ್ತದೆ. ಪುಸ್ತಕ, ಹಾಸಿಗೆ ಎರಡೂ ಒಂದೇ ಕೋಣೆಯಲ್ಲಿದ್ದರೆ ಎರಡರ ಪೆಟ್ಟೂ ಒಟ್ಟಿಗೆ ಬೀಳುತ್ತದೆ.

ಆಸ್ತಮಾ ಇದ್ದವರಿಗೆ ಇದು ಸೀನಿಗೆ ನಿಲ್ಲದೆ ಉಬ್ಬಸಕ್ಕೆ ಹೋಗಬಹುದು. ಇನ್ನೊಂದು ಬಗೆಯ ಪ್ರತಿಕ್ರಿಯೆ ಅಪರೂಪ, ಆದರೆ ಹೆಚ್ಚು ಅಪಾಯದ್ದು. ಬೂಷ್ಟು ಹಿಡಿದ ಕಂತೆಗಳ ನಡುವೆ ದಿನಗಟ್ಟಲೆ ಕೆಲಸ ಮಾಡಿದವರಿಗೆ, ಧೂಳು ಕುಡಿದ ನಾಲ್ಕರಿಂದ ಎಂಟು ಗಂಟೆಯ ಮೇಲೆ ಚಳಿಜ್ವರ, ಮೈಕೈ ನೋವು, ಒಣ ಕೆಮ್ಮು, ಏದುಸಿರು ಬರುತ್ತದೆ. ಬೂಷ್ಟು ಹಿಡಿದ ಹುಲ್ಲು ಝಾಡಿಸುವ ರೈತರಲ್ಲಿ ಕಾಣುವ ಶ್ವಾಸಕೋಶದ ಕಾಯಿಲೆಯ ಜಾತಿಯದೇ ಇದು. ಹೀಗಾದರೆ ಅಥವಾ ಉಸಿರಾಟದಲ್ಲಿ ಸಿಳ್ಳೆ ಕೇಳಿಸಿದರೆ ವೈದ್ಯರ ಬಳಿ ಹೋಗಬೇಕು, ಹೋದಾಗ ಬೂಷ್ಟಿನ ಪುಸ್ತಕದ ವಿಷಯವನ್ನು ಮರೆಯದೆ ಹೇಳಬೇಕು. ಹೇಳದಿದ್ದರೆ ಅವರಿಗೆ ಅದು ಹೊಳೆಯುವ ಅವಕಾಶ ಕಡಿಮೆ. ಕ್ಯಾನ್ಸರ್ ಚಿಕಿತ್ಸೆಯಲ್ಲಿರುವವರು, ಅಂಗ ಕಸಿ ಆದವರು, ದೀರ್ಘಕಾಲ ಸ್ಟೀರಾಯ್ಡ್ ತೆಗೆದುಕೊಳ್ಳುವವರು ಬೂಷ್ಟಿನ ಪುಸ್ತಕ ಮುಟ್ಟಲೇಬಾರದು. ರೋಗನಿರೋಧಕ ಶಕ್ತಿ ಕುಗ್ಗಿದ ದೇಹದಲ್ಲಿ ಆಸ್ಪರ್‌ಜಿಲ್ಲಸ್ ಶ್ವಾಸಕೋಶದೊಳಗೇ ಬೆಳೆಯಬಲ್ಲದು. ಹಾಗೆಯೇ ಪುಟ ತಿರುವಲು ಬೆರಳಿಗೆ ಎಂಜಲು ಹಚ್ಚಿಕೊಳ್ಳುವ ಅಭ್ಯಾಸ ಬಿಡಿ. ಹತ್ತೊಂಬತ್ತನೆಯ ಶತಮಾನದ ಯುರೋಪಿನಲ್ಲಿ ಆರ್ಸೆನಿಕ್ ಇರುವ ಹಸಿರು ಬಣ್ಣದಿಂದ ಪುಸ್ತಕಗಳ ಬಟ್ಟೆಯ ಹೊದಿಕೆಗೆ ಬಣ್ಣ ಕಟ್ಟುತ್ತಿದ್ದರು. 2019ರಲ್ಲಿ ಅಮೆರಿಕದ ವಿಂಟರ್‌ಥರ್ ವಸ್ತುಸಂಗ್ರಹಾಲಯದವರು ಅಂಥದ್ದೊಂದನ್ನು ಗುರುತಿಸಿದ ಮೇಲೆ ಹುಡುಕಾಟ ಶುರುವಾಗಿ ಇನ್ನೂ ಅನೇಕ ಸಿಕ್ಕಿವೆ. ಬ್ರಿಟಿಷರ ಕಾಲದ ತೋಟದ ಬಂಗಲೆಗಳಲ್ಲಿ ಕಣ್ಣು ಕೋರೈಸುವ ಹಸಿರು ಬಟ್ಟೆಯ ವಿಕ್ಟೋರಿಯಾ ಕಾಲದ ಪುಸ್ತಕ ಸಿಕ್ಕರೆ ಕೈಗವಸು ಹಾಕಿಯೇ ಮುಟ್ಟುವುದು ಲೇಸು.

ಅನವಶ್ಯಕ ಹೆದರಿಕೆಯೂ ಬೇಡ. ಸುಮಾರು ನೂರಿಪ್ಪತ್ತು ವರ್ಷಗಳ ಹಿಂದೆ ಗ್ರಂಥಾಲಯದ ಪುಸ್ತಕಗಳಿಂದ ಕ್ಷಯ, ಕೆಂಪುಜ್ವರ ಹರಡುತ್ತವೆಂದು ಬ್ರಿಟನ್, ಅಮೆರಿಕಗಳಲ್ಲಿ ದಿಗಿಲು ಎದ್ದಿತ್ತು. ಸಾಂಕ್ರಾಮಿಕ ರೋಗ ಇದ್ದವರು ಗ್ರಂಥಾಲಯದ ಪುಸ್ತಕ ಒಯ್ಯುವುದನ್ನು ಬ್ರಿಟನ್ನಿನ 1907ರ ಕಾಯಿದೆ ಅಪರಾಧವೆಂದಿತು. ಕಾಲಕ್ರಮದಲ್ಲಿ ಆ ದಿಗಿಲು ತಣ್ಣಗಾಯಿತು. ಬೂಷ್ಟಿನ ಅಲರ್ಜಿಯೂ ಒಬ್ಬರಿಂದೊಬ್ಬರಿಗೆ ಅಂಟುವುದಿಲ್ಲ. ಹಳೆಯ ಪುಸ್ತಕ ತೆರೆದಾಗ ಬರುವ ತುಸು ಸಿಹಿಯಾದ, ವೆನಿಲ್ಲಾದ ನೆನಪು ತರುವ ಪರಿಮಳ ಕಾಗದದ ಲಿಗ್ನಿನ್ ನಿಧಾನವಾಗಿ ಒಡೆಯುವುದರಿಂದ ಬರುವಂಥದ್ದು. ಅದನ್ನು ಮನಸಾರೆ ಸವಿಯಬಹುದು. ನೆನೆದ ಗೋಣಿಚೀಲದ ವಾಸನೆ ಬಂದರೆ ಮಾತ್ರ ಮುಖ ಹಿಂದೆಗೆಯಿರಿ.

ತಡೆಯುವ ಕೆಲಸ ಜಾಗ ಆರಿಸುವುದರಿಂದ ಶುರು. ಮಳೆ ಹೊಡೆಯುವ ಪಡುವಣ, ನೈಋತ್ಯದ ಗೋಡೆಗೆ ಪುಸ್ತಕದ ಕಪಾಟು ಇಡಬಾರದು. ಮನೆಯ ನಡುವಿನ ಗೋಡೆ ಉತ್ತಮ, ಅಲ್ಲೂ ನಾಲ್ಕೈದು ಬೆರಳು ಸಂದು ಬಿಡಿ. ಹಳೆಯ ಮನೆಗಳಲ್ಲಿ ಅಡಿಗೆಮನೆಯ ಒಲೆಯ ಮೇಲಿನ ಅಟ್ಟದಲ್ಲಿ ಬೀಜ, ಏಲಕ್ಕಿ, ಪತ್ರಗಳ ಪೆಟ್ಟಿಗೆ ಇಡುತ್ತಿದ್ದುದರ ಹಿಂದೆ ಒಳ್ಳೆಯ ವಿಜ್ಞಾನವಿತ್ತು. ಗಾಳಿಯನ್ನು ಬಿಸಿಮಾಡಿದರೆ ಅದರೊಳಗಿನ ನೀರಾವಿ ಅಷ್ಟೇ ಇದ್ದರೂ ಸಾಪೇಕ್ಷ ಆರ್ದ್ರತೆ ಇಳಿಯುತ್ತದೆ. 20 ಡಿಗ್ರಿಯಲ್ಲಿ ಶೇ 95 ಇದ್ದ ಗಾಳಿಯನ್ನು 26 ಡಿಗ್ರಿಗೆ ಏರಿಸಿದರೆ ಅದು ಶೇ 66ರ ಹತ್ತಿರ ಬರುತ್ತದೆ. ಬರೀ ಆರು ಡಿಗ್ರಿ! ಮುಚ್ಚಿದ ಬೀರುವಿನ ತಳದಲ್ಲಿ ಸಣ್ಣ ವ್ಯಾಟಿನ ಹಳೆಯ ತಂತಿ ಬಲ್ಬು ಉರಿಸುವ ಉಪಾಯ ಕೆಲಸ ಮಾಡುವುದೂ ಇದರಿಂದಲೇ. ಎಲ್‌ಇಡಿ ಬಲ್ಬಿನಲ್ಲಿ ಅಷ್ಟು ಕಾವಿಲ್ಲ. ಬಲ್ಬಿಗೆ ಜಾಲರಿ ಹಾಕಿ, ಪುಸ್ತಕದಿಂದ ಗೇಣು ದೂರ ಇಟ್ಟು, ವೈರಿಂಗ್ ಸರಿಯಿದೆಯೆಂದು ಖಾತ್ರಿಯಾದರೆ ಮಾತ್ರ ಹೀಗೆ ಮಾಡಿ. ಮರ ಬಿದ್ದು ಕರೆಂಟು ದಿನಗಟ್ಟಲೆ ಹೋಗುವ ಊರುಗಳಲ್ಲಿ ಇದೊಂದನ್ನೇ ನಂಬಿ ಕೂರುವಂತಿಲ್ಲ.

ಮಳೆಗಾಲದಲ್ಲಿ ಗಾಳಿಯಾಡಲೆಂದು ಕಿಟಕಿ ತೆರೆದಿಡುವುದು ಅನೇಕರ ವಾಡಿಕೆ. ಸೋನೆ ಸುರಿಯುವಾಗ ಹಾಗೆ ಮಾಡಿದರೆ ಮಂಜನ್ನೇ ಒಳಗೆ ಕರೆದಂತೆ. ಕೆಲವು ನೂರು ರೂಪಾಯಿಗೆ ಸಿಗುವ ಆರ್ದ್ರತೆಯ ಮಾಪಕವೊಂದನ್ನು ಕಪಾಟಿನೊಳಗೇ ಇಡಿ. ಹೊಳವಾದ ದಿನ, ಹೊರಗಿನ ಗಾಳಿ ಒಳಗಿನದಕ್ಕಿಂತ ಒಣಗಿದ್ದಾಗ ಮಾತ್ರ ಕಿಟಕಿ, ಬೀರು ಎರಡನ್ನೂ ತೆರೆಯಿರಿ. ಫ್ಯಾನು ತೇವವನ್ನು ಕಡಿಮೆ ಮಾಡುವುದಿಲ್ಲ, ಮೂಲೆಯಲ್ಲಿ ಗಾಳಿ ಸತ್ತು ನಿಲ್ಲದಂತೆ ನೋಡಿಕೊಳ್ಳುತ್ತದೆ, ಅದೂ ಉಪಕಾರವೇ. ಪುಸ್ತಕಗಳನ್ನು ಬಿಗಿಯಾಗಿ ತುರುಕಬೇಡಿ. ಕಬ್ಬಿಣದ ಬೀರುವಾದರೆ ತಣ್ಣನೆಯ ತಗಡಿನ ಮೇಲೆ ನೀರು ಹನಿಗಟ್ಟುತ್ತದೆ, ಹಿಂಬದಿಗೂ ತಳಕ್ಕೂ ರಟ್ಟು ಕೊಟ್ಟು ಜೋಡಿಸಿ. ನುಸಿಗುಳಿಗೆ ಹುಳುವಿಗೆ ತಕ್ಕಮಟ್ಟಿಗೆ ಆದೀತು, ಬೂಷ್ಟಿಗೆ ಅಲ್ಲ. ಎಳೆ ಮಕ್ಕಳಿರುವ ಕೋಣೆಯಲ್ಲಿ ಅದರ ಆವಿ ಕೆಟ್ಟದ್ದು, ಕೆಲವು ಮಕ್ಕಳ ಕೆಂಪು ರಕ್ತಕಣಗಳನ್ನೇ ಒಡೆಯುತ್ತದೆ. ಹಸಿ ಬೇವಿನಸೊಪ್ಪು ಇಟ್ಟರೆ ಬೇವಿನ ಗುಣಕ್ಕಿಂತ ಮೊದಲು ಅದರ ತೇವ ಪುಸ್ತಕಕ್ಕೆ ತಾಗುತ್ತದೆ.

ಸಿಲಿಕಾ ಜೆಲ್ ಬಗ್ಗೆ ಒಂದು ಲೆಕ್ಕ ಹಾಕಿ ನೋಡೋಣ. ಹತ್ತು ಕೆ.ಜಿ. ಪುಸ್ತಕದ ತೇವವನ್ನು ಶೇ 12ರಿಂದ 8ಕ್ಕೆ ಇಳಿಸಬೇಕೆಂದರೆ ಸುಮಾರು ನಾನೂರು ಗ್ರಾಂ ನೀರು ಹೊರಬರಬೇಕು. ಒಂದು ಕೆ.ಜಿ. ಜೆಲ್ ಚೆನ್ನಾಗಿ ಹೀರಿದರೂ ಇನ್ನೂರು ಮುನ್ನೂರು ಗ್ರಾಂ ದಾಟುವುದು ಕಷ್ಟ. ಶೂ ಡಬ್ಬಿಯಲ್ಲಿ ಬರುವ ಎರಡು ಪೊಟ್ಟಣ ಇಟ್ಟು ನೆಮ್ಮದಿಯಾಗಿ ಮಲಗುವಂತಿಲ್ಲ. ಒದ್ದೆಯಾದದ್ದನ್ನು ಒಣಗಿಸುವುದಲ್ಲ ಜೆಲ್ಲಿನ ಕೆಲಸ, ಒಣಗಿದ್ದನ್ನು ಹಾಗೇ ಕಾಯುವುದು. ಆದ್ದರಿಂದ ಫೆಬ್ರುವರಿಯಲ್ಲಿ, ಹೂಮಳೆ ಬೀಳುವ ಮೊದಲು, ಗಾಳಿ ಗರಿಗರಿಯಾಗಿರುವಾಗ ಬೆಲೆಬಾಳುವ ಪುಸ್ತಕಗಳನ್ನು ರಬ್ಬರ್ ಅಂಚಿನ ಬಿಗಿಮುಚ್ಚಳದ ಡಬ್ಬಿಗೆ ತುಂಬಿ, ಧಾರಾಳವಾಗಿ ಜೆಲ್ ಹಾಕಿ ಮುಚ್ಚಬೇಕು. ಜೂನ್‌ನಲ್ಲಿ ತೇವ ಕುಡಿದ ಪುಸ್ತಕವನ್ನು ಅದೇ ಡಬ್ಬಿಗೆ ತುಂಬಿದರೆ ಬೂಷ್ಟಿಗೆ ನಾವೇ ಮನೆ ಕಟ್ಟಿಕೊಟ್ಟಂತಾಗುತ್ತದೆ. ಬಣ್ಣ ಬದಲಿಸುವ ಜೆಲ್ ಕೊಂಡರೆ ಅದು ತಣಿದದ್ದು ಕಣ್ಣಿಗೇ ಕಾಣುತ್ತದೆ. ನೀಲಿ ಬಣ್ಣದ್ದರಲ್ಲಿ ಕೋಬಾಲ್ಟ್ ಇರುವುದರಿಂದ ಕಿತ್ತಳೆ ಬಣ್ಣದ್ದೇ ಇರಲಿ. ಸುಮಾರು 120 ಡಿಗ್ರಿಯ ಓವನ್ನಿನಲ್ಲಿ ಒಂದೆರಡು ಗಂಟೆ ಇಟ್ಟರೆ ಜೆಲ್ ಮತ್ತೆ ಹೊಸದರಂತಾಗುತ್ತದೆ.

ಬೂಷ್ಟು ಬಂದೇಬಿಟ್ಟರೆ ಮೊದಲು ಆ ಪುಸ್ತಕವನ್ನು ಉಳಿದವುಗಳಿಂದ ಬೇರೆ ಮಾಡಿ. ಹಸಿ ಬೂಷ್ಟನ್ನು ಒರೆಸಲು ಹೋಗಬೇಡಿ, ಅದು ಕಾಗದದೊಳಕ್ಕೆ ಮೆತ್ತಿಕೊಂಡು ಕಲೆ ಕಾಯಂ ಆಗುತ್ತದೆ. ಪುಸ್ತಕವನ್ನು ನೆಟ್ಟಗೆ ನಿಲ್ಲಿಸಿ, ಹಾಳೆ ಬಿಚ್ಚಿ, ಫ್ಯಾನಿನ ಗಾಳಿ ನೇರವಾಗಿ ಬೀಸದ ಕಡೆ ನೆರಳಲ್ಲಿ ಒಣಗಿಸಿ. ಉರಿಬಿಸಿಲು ಬೇಡ, ರಟ್ಟು ಸೊಟ್ಟಗಾಗಿ ಶಾಯಿ ಮಾಸುತ್ತದೆ. ಒಣಗಿ ಪುಡಿಯಾದ ಮೇಲೆ ಎನ್95 ಮಾಸ್ಕು ಹಾಕಿ, ಮನೆಯ ಹೊರಗೆ, ಗಾಳಿಗೆ ಬೆನ್ನು ಕೊಟ್ಟು ನಿಂತು ಮೆತ್ತನೆಯ ಬ್ರಷ್ಷಿನಿಂದ ಬೆನ್ನಿನ ಕಡೆಯಿಂದ ಅಂಚಿನ ಕಡೆಗೆ ಗುಡಿಸಿ. ಸಾಧಾರಣ ವ್ಯಾಕ್ಯೂಮ್ ಕ್ಲೀನರ್ ಬೀಜಕಣಗಳನ್ನು ಹಿಂಬದಿಯಿಂದ ಕೋಣೆಗೇ ಉಗುಳುತ್ತದೆ, ಹೆಪಾ ಸೋಸುಕ ಇದ್ದರೆ ಮಾತ್ರ ಬಳಸಿ. ರಟ್ಟಿನ ಹೊರಮೈಗೆ ಶೇ 70ರ ಸ್ಪಿರಿಟ್ಟಿನಲ್ಲಿ ತುಸುವೇ ನೆನೆಸಿದ ಬಟ್ಟೆ ಸವರಬಹುದು, ಮೊದಲು ಮೂಲೆಯಲ್ಲಿ ಬಣ್ಣ ಬಿಡುತ್ತದೆಯೇ ನೋಡಿ. ಬ್ಲೀಚಿಂಗ್ ಪುಡಿ, ಫಿನಾಯಿಲ್ ಪುಸ್ತಕದ ಹತ್ತಿರವೂ ಸುಳಿಯಬಾರದು. ಕಂದು ಚುಕ್ಕೆಗಳು ಹೋಗುವುದಿಲ್ಲ. ಇರಲಿ ಬಿಡಿ, ಓದಲು ಅವೇನೂ ಅಡ್ಡಿಯಲ್ಲ.

ಹೆಂಚು ಸರಿದು ಪೂರಾ ನೆಂದ ಪುಸ್ತಕದ ಚಿಕಿತ್ಸೆ ಬೇರೆ. 1966ರ ನವೆಂಬರ್ 4ರಂದು ಆರ್ನೊ ನದಿ ಉಕ್ಕಿ ಫ್ಲಾರೆನ್ಸ್ ನಗರದ ರಾಷ್ಟ್ರೀಯ ಗ್ರಂಥಾಲಯದ ಲಕ್ಷಾಂತರ ಪುಸ್ತಕಗಳನ್ನು ಕೆಸರಿನಲ್ಲಿ ಮುಳುಗಿಸಿತು. ದೇಶದೇಶಗಳಿಂದ ಬಂದ ಯುವಕರು ಸಾಲಾಗಿ ನಿಂತು ಅವನ್ನು ಕೈಯಿಂದ ಕೈಗೆ ಮೇಲೆ ಸಾಗಿಸಿದರು. ಪುಸ್ತಕ ಸಂರಕ್ಷಣೆ ಒಂದು ಶಾಸ್ತ್ರವಾಗಿ ಬೆಳೆದದ್ದು ಬಹುಮಟ್ಟಿಗೆ ಆ ಅನುಭವದಿಂದ. ಆಮೇಲಿನ ವರ್ಷಗಳಲ್ಲಿ ಗಟ್ಟಿಯಾದ ಪಾಠವೊಂದು ಮನೆಯಲ್ಲೂ ನಡೆಯುತ್ತದೆ: ಕೂಡಲೇ ಒಣಗಿಸಲು ಆಗದಿದ್ದರೆ ಹೆಪ್ಪುಗಟ್ಟಿಸಿ. ನೆಂದ ಪುಸ್ತಕವನ್ನು ಪ್ಲಾಸ್ಟಿಕ್ ಚೀಲದಲ್ಲಿ ಕಟ್ಟಿ ಫ್ರೀಜರಿನಲ್ಲಿಟ್ಟರೆ ಬೂಷ್ಟು ಸಾಯದಿದ್ದರೂ ಬೆಳೆಯುವುದನ್ನು ನಿಲ್ಲಿಸುತ್ತದೆ. ಹುಳುಗಳಾದರೆ ಎರಡು ವಾರದಲ್ಲಿ ಸಾಯುತ್ತವೆ. ಬಿಡುವಾದಾಗ ಒಂದೊಂದೇ ತೆಗೆದು, ಹತ್ತಿಪ್ಪತ್ತು ಹಾಳೆಗೊಂದರಂತೆ ಬರವಣಿಗೆಯಿಲ್ಲದ ಕಾಗದ ಇಟ್ಟು, ಅದನ್ನು ಬದಲಿಸುತ್ತ ಒಣಗಿಸಿ. ಹೊಳಪು ಕಾಗದದ ಚಿತ್ರಪುಸ್ತಕಗಳಿಗೆ ಫ್ರೀಜರಿನಲ್ಲಿ ಮೊದಲ ಜಾಗ, ಅವು ಅಂಟಿ ಒಣಗಿದರೆ ಮತ್ತೆ ಬಿಡಿಸಲಾಗದು. 2018ರ ಆಗಸ್ಟಿನಲ್ಲಿ ಗುಡ್ಡ ಕುಸಿದು ಶಿರಾಡಿಯ ರಸ್ತೆ, ಸುಬ್ರಹ್ಮಣ್ಯದ ರೈಲು ಎರಡೂ ನಿಂತಂಥ ಮಳೆ ಮತ್ತೆ ಬರುವುದಿಲ್ಲ ಎನ್ನುವಂತಿಲ್ಲ.

ಘಟ್ಟದ ಕೆಳಗಿನ ಮೂಡುಬಿದಿರೆಯಲ್ಲೂ ಜೋರು ಮಳೆ, ಇಲ್ಲಿಗಿಂತ ಹೆಚ್ಚು ಸೆಕೆ. ಅಂಥ ಊರಿನ ಬಸದಿಯಲ್ಲಿ ಜೈನರ ಧವಲಾ ಗ್ರಂಥಗಳ ಹನ್ನೆರಡನೆಯ ಶತಮಾನದ ಸುಮಾರಿನ ತಾಳೆಗರಿಗಳು ಉಳಿದುಬಂದಿವೆ. ಗರಿಗಳನ್ನು ಎರಡು ಮರದ ಹಲಗೆಗಳ ನಡುವೆ ಬಿಗಿಯಾಗಿ ಕಟ್ಟಿ, ಬಟ್ಟೆಯಲ್ಲಿ ಸುತ್ತಿಡುವುದು ತಾಳೆಗರಿ ಕಾಯುವ ಕ್ರಮ. ಜೈನರಿಗೆ ಜ್ಯೇಷ್ಠ ಶುದ್ಧ ಪಂಚಮಿ ಶ್ರುತಪಂಚಮಿ. ಅಂದು ಗ್ರಂಥಗಳನ್ನು ಹೊರತೆಗೆದು, ಶುಚಿಮಾಡಿ, ಪೂಜಿಸಿ, ಹೊಸ ಬಟ್ಟೆ ಸುತ್ತುತ್ತಾರೆ. ಅದು ಬರುವುದು ಮುಂಗಾರಿನ ಹೊಸ್ತಿಲಲ್ಲಿ. ನವರಾತ್ರಿಯ ಸರಸ್ವತಿ ಪೂಜೆಗೆ ಪುಸ್ತಕಗಳನ್ನು ಕೆಳಗಿಳಿಸುವುದು ಮಳೆ ಹಿಂದೆಗೆಯುವ ಹೊತ್ತಿನಲ್ಲಿ. ಇಡೀ ವರ್ಷದಲ್ಲಿ ಕಪಾಟಿನ ಒಂದೊಂದು ಪುಸ್ತಕವನ್ನೂ ಕೈಯಲ್ಲಿ ಹಿಡಿದು ನೋಡಲೇಬೇಕಾದ ಕಾಲ ಇವೆರಡೇ. ಪೂಜೆಗೆಂದು ಮೇಲಿನ ನಾಲ್ಕು ಪುಸ್ತಕ ಇಟ್ಟು ಕುಂಕುಮ ಹಚ್ಚುವ ಬದಲು ಎಲ್ಲವನ್ನೂ ಇಳಿಸಿ, ಬೆನ್ನು ನೋಡಿ, ಬಿಚ್ಚಿ, ಮೂಸದೆ ಕಣ್ಣಿನಿಂದಲೇ ಪರೀಕ್ಷಿಸಿ, ಒಣಬಟ್ಟೆಯಲ್ಲಿ ಒರೆಸಿ ಇಡುವ ದಿನವಾಗಿ ಮಾಡಿಕೊಳ್ಳಬಹುದು. ಊರಿನ ಪಂಚಾಯಿತಿ ಗ್ರಂಥಾಲಯ ಈಗ ಅರಿವು ಕೇಂದ್ರವಾಗಿದೆ. ಅಲ್ಲಿ ಇಡೀ ಸಂಗ್ರಹವನ್ನು ಒಬ್ಬರೇ ನೋಡಿಕೊಳ್ಳಬೇಕಾಗಿ ಬಂದಿದ್ದರೆ ಆ ಒಂದು ದಿನ ಶಾಲೆಯ ದೊಡ್ಡ ಮಕ್ಕಳನ್ನೂ ಊರವರನ್ನೂ ಕರೆದುಕೊಂಡರೆ ಮಧ್ಯಾಹ್ನದೊಳಗೆ ಕೆಲಸ ಮುಗಿಯುತ್ತದೆ. ಉಬ್ಬಸದವರನ್ನು ಮಾತ್ರ ಕರೆಯಬೇಡಿ.

ಬಿಗಿಮುಚ್ಚಳದ ಡಬ್ಬಿ ಒಂದೇ ಇದೆ, ಪುಸ್ತಕ ಎರಡು ಗೋಡೆ ತುಂಬ ಇವೆ ಎಂದಾದರೆ ಮೊದಲು ಕೈಬರಹದ್ದನ್ನು ಹಾಕಿ. ತೋಟದ ಹಳೆಯ ಲೆಕ್ಕದ ಪುಸ್ತಕ, ಅಜ್ಜಿ ಬರೆದಿಟ್ಟ ಹಾಡಿನ ನೋಟುಬುಕ್ಕು, ಮಳೆಯ ಅಳತೆ ಗುರುತು ಹಾಕಿದ ಡೈರಿಗಳು. ಎಷ್ಟೋ ತೋಟಗಳಲ್ಲಿ ತಲೆಮಾರುಗಟ್ಟಲೆ ದಿನದಿನದ ಮಳೆ ಬರೆದಿಟ್ಟವರಿದ್ದಾರೆ, ಆ ದಾಖಲೆಗೆ ಎರಡನೆಯ ಪ್ರತಿ ಎಲ್ಲೂ ಇಲ್ಲ. ಮುಚ್ಚುವ ಮೊದಲು ಫೋನಿನಲ್ಲಿ ಹಾಳೆಹಾಳೆಯ ಚಿತ್ರ ತೆಗೆದು ಎರಡು ಕಡೆ ಉಳಿಸಿಡಿ. ಆಮೇಲೆ ಊರಿನ, ಮನೆತನದ, ಸಣ್ಣ ಮುದ್ರಣಾಲಯಗಳಲ್ಲಿ ಅಚ್ಚಾಗಿ ಮರುಮುದ್ರಣ ಕಾಣದ ಪುಸ್ತಕಗಳು. ಅಂಗಡಿಯಲ್ಲಿ ಇವತ್ತೂ ಸಿಗುವ ಕಾದಂಬರಿಗಳು ಹೊರಗಿನ ಕಪಾಟಿನಲ್ಲೇ ಇರಲಿ, ಮಳೆಗಾಲವಿಡೀ ಅವನ್ನು ತೆಗೆದು ತೆಗೆದು ಓದಿ. ಕೈಯಾಡುತ್ತಿರುವ ಪುಸ್ತಕದಲ್ಲಿ ಮೊದಲ ಚುಕ್ಕೆ ಕಂಡ ದಿನವೇ ಗೊತ್ತಾಗುತ್ತದೆ.